ಸಿಮ್ಮಿಲ್ಲದ ಟ್ಯಾಬಿನ ಉಪಕಾರಸ್ಮರಣೆ

ಟ್ಯಾಬಿಗೆ ಸಿಮ್ ಇರಲಿಲ್ಲ. ಆ ದಿನದ ಎಲ್ಲ ಎಡವಟ್ಟಿಗೂ ಮೂಲ ಅದೇ.

ಸಿಮ್ಮೇ ಇಲ್ಲದ ಮೇಲೆ ಅದರಿಂದ ಮಾತು ಎಲ್ಲಿಗೆ ಹೋದೀತು ಎಂದು ಟೈಲರಕ್ಕ ಗಟ್ಟಿಯಾಗಿ ನಂಬಿದ್ದಳು. ಪೈಪು ಜೋಡಿಸದ ನಲ್ಲಿಯನ್ನು ಎಷ್ಟು ತಿರುಗಿಸಿದರೇನು, ನೆಲ ಒದ್ದೆಯಾಗುತ್ತದೆಯೇ? ಮಗಳು ರಜೆ ಮುಗಿಸಿ ಹಾಸ್ಟೆಲಿಗೆ ಹೊರಡುವ ಮುಂಚೆ ತನ್ನ ಹಳೆಯ ಟ್ಯಾಬನ್ನು ಅಮ್ಮನ ಮಂಚದ ಪಕ್ಕ ತಂದಿಟ್ಟಿದ್ದಳು. ಅದರ ಪರದೆಯ ಮೇಲೆ ಮೂಡಿದ ಕಪ್ಪು ಚುಕ್ಕೆಗಳ ಚೌಕಕ್ಕೆ ಅಮ್ಮನ ಫೋನು ಹಿಡಿದು, "ನೋಡಮ್ಮಾ, ಇನ್ನು ಮೇಲೆ ನಿನ್ನ ಫೋನಿಗೆ ಬರೋ ವಾಟ್ಸಾಪ್ ಎಲ್ಲಾ ಇದರಲ್ಲೂ ಕಾಣುತ್ತೆ. ದೊಡ್ಡ ಅಕ್ಷರ. ಕನ್ನಡಕ ಹುಡುಕೋ ಕೆಲಸ ಇಲ್ಲ," ಎಂದು ಹೇಳಿ ಹೋದಳು. ಫೋನಿನಲ್ಲಿರುವುದು ಟ್ಯಾಬಿನಲ್ಲಿ ಕಾಣುತ್ತದೆ, ಕನ್ನಡಿಯಲ್ಲಿ ಮುಖ ಕಂಡ ಹಾಗೆ. ಕನ್ನಡಿಗೆ ಕುಂಕುಮ ಮೆತ್ತಿದರೆ ಹಣೆಗೇನೂ ತಾಗುವುದಿಲ್ಲವಲ್ಲ. ಟೈಲರಕ್ಕನ ತಿಳಿವಳಿಕೆ ಅಲ್ಲಿಗೆ ಪೂರ್ಣವಾಗಿತ್ತು.

ಮೇಲಿನ ಕಪಾಟಿನಿಂದ ಜಿಪ್ಪಿನ ಡಬ್ಬ ತೆಗೆಯಲು ಹೋಗಿ ಸ್ಟೂಲಿನಿಂದ ಬಿದ್ದು ಅವಳ ಕಾಲು ಮುರಿದು ತಿಂಗಳು ಮೇಲಾಗಿತ್ತು. ಗಂಡ ದೂರದೂರಿಗೆ ಬಸ್ಸು ಓಡಿಸುವವನು. ಮನೆಯಲ್ಲಿಲ್ಲದಾಗ ದಾರಿಯಲ್ಲಿರುತ್ತಿದ್ದ, ಮನೆಯಲ್ಲಿದ್ದಾಗ ನಿದ್ದೆಯಲ್ಲಿರುತ್ತಿದ್ದ. ಹಾಗಾಗಿ ಅವಳನ್ನು ನೋಡಿಕೊಂಡವರು ಆ ಕಟ್ಟಡದ ಮೂವರು. ಮೇಲಿನ ಮಹಡಿಯ, ನಿವೃತ್ತಿಯಾದರೂ ದನಿ ತಗ್ಗದ ಟೀಚರಮ್ಮ. ಕೆಳಗಿನ ಮನೆಯ ನರ್ಸ್. ಎದುರು ಬಾಗಿಲಿನ ಒಂಟಿ ಗೃಹಸ್ಥರು, ಕಟ್ಟಡದ ಸಂಘಕ್ಕೆ ತಾವೇ ಸೆಕ್ರೆಟರಿಯಾಗಿ, ಯಾರೂ ಬೇಡವೆನ್ನದ ಕಾರಣ ಹಾಗೇ ಉಳಿದವರು.

ಮೂವರೂ ಪಾಳಿಯ ಮೇಲೆ ಬರುತ್ತಿದ್ದರು. ಮೂವರೂ ಸೂಪು ತರುತ್ತಿದ್ದರು. ಮೂವರೂ ಪಕ್ಕದಲ್ಲಿ ಕೂತು ತಮ್ಮ ತಮ್ಮ ಕಾಯಿಲೆ ಹೇಳುತ್ತಿದ್ದರು. ಸೆಕ್ರೆಟರಿಯಂತೂ ಪಿತ್ತಕೋಶದಿಂದ ತೆಗೆಸಿದ ಕಲ್ಲನ್ನು ಶೀಶೆಯಲ್ಲಿ ಹಾಕಿ ತಂದು, ಬೆಳಕಿಗೆ ಹಿಡಿದು ತೋರಿಸಿದ್ದರು. ಮತ್ತೆ ಮೂವರೂ ಏಳುವ ಮುಂಚೆ ಅವಳ ಮನೆಯನ್ನು ಅವರವರ ಬುದ್ಧಿಗೆ ತೋಚಿದಂತೆ ಜೋಡಿಸಿ ಹೋಗುತ್ತಿದ್ದರು.

ಆ ದಿನ ಮಧ್ಯಾಹ್ನ ಪ್ಲಾಸ್ಟರ್ ತೆಗೆಯುವುದಿತ್ತು. ಕಟ್ಟಡಕ್ಕೆ ಲಿಫ್ಟ್ ಇಲ್ಲ. ಮೂವರೂ ಸೇರಿ ಅವಳನ್ನು ಕುರ್ಚಿಯಲ್ಲಿ ಕೂರಿಸಿ ಕೆಳಗಿಳಿಸುವುದೆಂದು ನಿಶ್ಚಯವಾಗಿತ್ತು. ಅದಕ್ಕೆ ಮೊದಲು ಕಟ್ಟಡದ ಗ್ರೂಪಿನಲ್ಲಿ ಅವರಿಗೊಂದು ಒಳ್ಳೆಯ ಕೃತಜ್ಞತೆ ಬರೆಯಬೇಕೆಂದು ಟೈಲರಕ್ಕನಿಗೆ ಆಸೆ. ಇಷ್ಟು ವರ್ಷ ಅವಳು ಇವರ ಅಳತೆ ತೆಗೆದವಳೇ ಹೊರತು ಮನಸ್ಸು ತೆರೆದು ಮಾತಾಡಿದವಳಲ್ಲ.

ಬಟ್ಟೆಗೆ ಕತ್ತರಿ ಹಾಕುವ ಮುಂಚೆ ಪೇಪರ್ ಕಟಿಂಗ್ ಮಾಡಿಕೊಳ್ಳುವುದು ಅವಳ ಅಭ್ಯಾಸ. ಮಾತಿಗೂ ಹಾಗೇ ಮಾಡೋಣವೆಂದು ಟ್ಯಾಬನ್ನು ತೊಡೆಯ ಮೇಲಿಟ್ಟುಕೊಂಡು ಗ್ರೂಪು ತೆರೆದಳು. ಇಲ್ಲಿ ಕಚ್ಚಾ, ಆಮೇಲೆ ಫೋನಿನಲ್ಲಿ ಪಕ್ಕಾ.

ಆದರೆ ಕೃತಜ್ಞತೆ ಬರಲೊಲ್ಲದು. ಅದರ ಮುಂದೆ ಬೇರೆ ಏನೇನೋ ಬಸ್ಸಿನ ಬಾಗಿಲಲ್ಲಿ ನಿಂತವರ ಹಾಗೆ ಅಡ್ಡ ನಿಂತಿದ್ದವು. ಮೊದಲು ಇವು ಇಳಿದುಹೋಗಲಿ ಎಂದು ಬರೆದಳು:

"ಸೂಪಿಗೆ ಕೃತಜ್ಞತೆ. ಅದು ಸೂಪೋ ತರಕಾರಿ ತೊಳೆದ ನೀರೋ ಒಂದು ದಿನವೂ ಗೊತ್ತಾಗಲಿಲ್ಲ. ಕ್ಯಾರೆಟ್ಟು ಅದರಲ್ಲಿ ಈಜು ಕಲೀತಾ ಇತ್ತು."

ಬಾಣದ ಗುರುತು ಒತ್ತಿದಳು. ಫೋನಿನಲ್ಲಾದರೆ ಅದನ್ನೊತ್ತಲು ಬೆರಳು ಹಿಂಜರಿಯುತ್ತಿತ್ತು. ಇಲ್ಲಿ ಭಯವೇನು? ಬರೆದದ್ದು ಸುಯ್ಯೆಂದು ಮೇಲೇರಿ ಹಸಿರು ಗೂಡಿನಲ್ಲಿ ಕೂತಿತು.

"ಜೊತೆಗೆ ಕೂತು ಮಾತಾಡಿದ್ದಕ್ಕೆ ಕೃತಜ್ಞತೆ. ಕಾಲು ಮುರಿದಿದ್ದು ನನ್ನದು, ಕೇಳಿದ್ದು ಪೂರಾ ನಿಮ್ಮ ಕಾಯಿಲೆ. ನೀವು ಎದ್ದು ಹೋದಮೇಲೆ ನನ್ನ ಹೊಟ್ಟೆ ನಾನೇ ಒತ್ತಿ ನೋಡ್ಕೋತಿದ್ದೆ."

ಮತ್ತೆ ಬಾಣ. ಎದೆ ಹಗುರವಾಗತೊಡಗಿತು.

"ಮನೆ ಜೋಡಿಸಿದ್ದಕ್ಕೆ ಕೃತಜ್ಞತೆ. ದಾರದುಂಡೆ ಸಕ್ಕರೆ ಡಬ್ಬದಲ್ಲಿ ಸಿಕ್ಕಿತು. ಕತ್ತರಿ ಇನ್ನೂ ಸಿಕ್ಕಿಲ್ಲ."

ಇಷ್ಟು ಇಳಿದುಹೋದ ಮೇಲೆ ನೋಡಿ, ಒಳಗಿನಿಂದ ನಿಜವಾದದ್ದು ಎದ್ದು ಬಂತು. ಬಿದ್ದ ದಿನ ಬರಿಗಾಲಲ್ಲಿ ಮೆಟ್ಟಿಲು ಹತ್ತಿ ಓಡಿಬಂದ ನರ್ಸ್. ಬನಿಯನ್ನಿನಲ್ಲೇ ರಸ್ತೆಗಿಳಿದು ಕೈ ಅಡ್ಡ ಹಿಡಿದು ವ್ಯಾನು ನಿಲ್ಲಿಸಿದ ಸೆಕ್ರೆಟರಿ. "ಅಳಬೇಕು ಅನ್ಸಿದ್ರೆ ಅಳು, ನಾನು ಗೋಡೆ ಕಡೆ ತಿರುಗ್ತೀನಿ," ಎಂದು ಕೈ ಬಿಡದೆ ಕೂತಿದ್ದ ಟೀಚರಮ್ಮ. ಅಕ್ಕತಂಗಿಯರಿಲ್ಲದೆ ಬೆಳೆದವಳು ಅವಳು. ಮೆಟ್ಟಿಲ ಮೇಲೆ ಇವರ ಹೆಜ್ಜೆ ಕೇಳಿದರೆ ಮಲಗಿದ್ದಲ್ಲೇ ತಲೆಗೂದಲು ಸರಿಮಾಡಿಕೊಳ್ಳುತ್ತಿದ್ದಳು. ಕಣ್ಣು ಮಂಜಾಯಿತು. ಇವರಿಲ್ಲದಿದ್ದರೆ ನನ್ನ ಗತಿ ಏನಾಗುತ್ತಿತ್ತು ಎಂದುಕೊಳ್ಳುತ್ತ, ಕೆಲಸ ಮುಗಿದ ಪೇಪರ್ ಚೂರು ಗುಡಿಸುವ ಹಾಗೆ ಆ ಮೂರು ಸಾಲುಗಳನ್ನು ಅಳಿಸಹೊರಟಳು.

ಟ್ಯಾಬು ಕೇಳಿತು: ಎಲ್ಲರಿಗೂ ಅಳಿಸಬೇಕೇ, ನಿಮಗೆ ಮಾತ್ರವೇ?

ಟೈಲರಕ್ಕ ಯಾರಿಗೂ ಭಾರವಾಗಲು ಇಷ್ಟಪಡದ ಹೆಂಗಸು. ಸುಮ್ಮನೆ ಎಲ್ಲರಿಗೂ ಯಾಕೆ ತೊಂದರೆ ಎಂದು, 'ನನಗೆ ಮಾತ್ರ' ಒತ್ತಿದಳು. ಪರದೆ ಸ್ವಚ್ಛವಾಯಿತು.

ಅಷ್ಟರಲ್ಲಿ ಫೋನು ಬಡಿದುಕೊಂಡಿತು. ಮಗಳು. ಅವಳೂ ಗ್ರೂಪಿನಲ್ಲಿದ್ದಳು.

"ಅಮ್ಮಾ! ಗ್ರೂಪಲ್ಲಿ ಏನಮ್ಮಾ ಹಾಕಿದೀಯಾ?"

"ಗ್ರೂಪಿಗೆ ನಾನೆಲ್ಲಿ ಹಾಕ್ದೆ? ಟ್ಯಾಬಲ್ಲಿ ಸುಮ್ಮನೆ ಬರ್ಕೊಂಡೆ ಅಷ್ಟೆ. ಸಿಮ್ಮೇ ಇಲ್ವಲ್ಲೇ ಅದಕ್ಕೆ!"

"ವೈಫೈ ಇದೆಯಲ್ಲಮ್ಮಾ! ಫೋನಲ್ಲಿ ಬರೆದ್ರೂ ಒಂದೇ, ಅದರಲ್ಲಿ ಬರೆದ್ರೂ ಒಂದೇ. ಬೇಗ ಅಳಿಸು. 'ಎಲ್ಲರಿಗೂ' ಅಂತ ಬರುತ್ತೆ, ಅದನ್ನ ಒತ್ತು."

"ಆಗಲೇ ಅಳಿಸ್ದೆ ಕಣೇ. ಎಲ್ಲರಿಗೂ ಯಾಕೆ ತೊಂದರೆ ಅಂತ ನನಗೆ ಮಾತ್ರ ಒತ್ತಿದೆ."

ಆ ಕಡೆ ಮಗಳು ಹಣೆ ಚಚ್ಚಿಕೊಂಡ ಸದ್ದು ಫೋನಿನಲ್ಲೇ ಕೇಳಿತು.

"ಅಮ್ಮಾ, ಈಗ ಆ ಮೂರು ಮೆಸೇಜು ನಿನಗೊಬ್ಬಳಿಗೆ ಬಿಟ್ಟು ಮಿಕ್ಕೆಲ್ಲರಿಗೂ ಕಾಣುತ್ತೆ. ಇನ್ನು ನೀನು ಅಳಿಸೋಕೂ ಆಗಲ್ಲ."

ಟೈಲರಕ್ಕನ ಕೈಕಾಲು ತಣ್ಣಗಾಯಿತು, ಪ್ಲಾಸ್ಟರಿನೊಳಗಿನದೂ ಸೇರಿ. ಇನ್ನು ಕುರ್ಚಿ ಎತ್ತುವವರು ಯಾರು? ಅದಕ್ಕಿಂತ, ಇನ್ನು ಈ ಬಾಗಿಲು ತಟ್ಟುವವರು ಯಾರು? ಓಡಿಹೋಗೋಣವೆಂದರೆ ಕಾಲಿಲ್ಲ. ಹೊರಗೆ ಎದುರು ಬಾಗಿಲಿನ ಚಿಲಕ ಕಿರುಗುಟ್ಟಿತು. ಅವಳು ಹೊದಿಕೆಯನ್ನು ಮೂಗಿನ ತನಕ ಎಳೆದುಕೊಂಡಳು.

ಸೆಕ್ರೆಟರಿ ಒಳಬಂದು ಬಾಗಿಲು ಮುಂದೆ ಮಾಡಿ, ಪಿಸುದನಿಯಲ್ಲಿ, "ಭೇಷ್ ಟೈಲರಮ್ಮ!" ಎಂದರು.

"ಸಾರ್, ಅದು ಏನಾಯ್ತು ಅಂದ್ರೆ..."

"ಏನೂ ಹೇಳ್ಬೇಡಿ. ನಾನೇ ಎಷ್ಟು ದಿನದಿಂದ ಹೇಳ್ಬೇಕು ಅಂತಿದ್ದೆ. ಆ ಟೀಚರಮ್ಮನ ಮಂಡಿನೋವಿನ ಪುರಾಣ ಯಾರು ಕೇಳ್ತಾರ್ರೀ? ನಾನು ನೋಡಿ, ನನ್ನ ಕಲ್ಲಿನ ವಿಷಯ ಒಂದು ಸಲ ಹೇಳಿದ್ನೋ ಇಲ್ವೋ. ಅದೂ ನಿಮ್ಮ ಜ್ಞಾನಕ್ಕೆ."

ಅವರು ಹೋದ ಸ್ವಲ್ಪ ಹೊತ್ತಿಗೆ, ರಾತ್ರಿ ಡ್ಯೂಟಿ ಮುಗಿಸಿ ನೇರವಾಗಿ ನರ್ಸ್ ಬಂದಳು. "ಅಕ್ಕಾ, ಸರಿಯಾಗಿ ಝಾಡಿಸಿದ್ರಿ! ನಗು ತಡೆಯಕ್ಕಾಗ್ದೆ ವಾರ್ಡಿಂದ ಆಚೆ ಬಂದು ನಕ್ಕೆ. ಸೆಕ್ರೆಟರಿ ಸಾರ್ ಸೂಪು ಅಂದ್ರೆ ಪ್ಯಾಕೆಟ್ಟಿಗೆ ಬಿಸಿನೀರು. ಅದನ್ನ ಕುಡಿದೂ ನಿಮ್ಮ ಮೂಳೆ ಕೂಡಿಕೊಂಡಿದೆ ಅಂದ್ರೆ ಪವಾಡ."

ಕೊನೆಗೆ ಟೀಚರಮ್ಮ. ಅವರು ಕೂರಲೂ ಇಲ್ಲ. "ಕತ್ತರಿ ಎಲ್ಲಿಟ್ಟಿದಾಳೆ ಅಂತ ಆ ನರ್ಸ್ ಹುಡುಗೀನ ಕೇಳು. ನಾನು ಮುಟ್ಟಿದ ಸಾಮಾನು ಯಾವತ್ತಾದ್ರೂ ಕಳೆದಿದ್ಯಾ? ಹೆಸರು ಬರೀದೆ ಬಿಟ್ಟೆಯಲ್ಲ, ಅದು ದೊಡ್ಡತನ ಕಣಮ್ಮ," ಎಂದು ಅವಳ ತಲೆ ಸವರಿ ಹೋದರು.

ಟೈಲರಕ್ಕ ಹೊದಿಕೆ ಇಳಿಸಿ ಗಾಳಿ ಕುಡಿದಳು. ಅವಳು ಹೊಲಿದ ಅಂಗಿ ಮೂವರಿಗೂ ಸರಿಹೊಂದುವಂತಿತ್ತು, ಆದರೆ ಮೂವರೂ ಅದನ್ನು ಪಕ್ಕದವರ ಮೈಗೆ ಹಿಡಿದು ನೋಡಿ ಖುಷಿಪಟ್ಟಿದ್ದರು!

ಮಧ್ಯಾಹ್ನ ಮೂವರೂ ಅವಳ ಕುರ್ಚಿ ಹೊತ್ತು ಇಳಿಸಿದರು. ಒಬ್ಬರ ಬೆನ್ನ ಹಿಂದೆ ಇನ್ನೊಬ್ಬರು ಅವಳಿಗೆ ಕಣ್ಣು ಮಿಟುಕಿಸುತ್ತಿದ್ದುದರಿಂದ ತಿರುವಿನಲ್ಲಿ ಕುರ್ಚಿ ಒಂದೆರಡು ಸಲ ಗೋಡೆಗೆ ತಗುಲಿತು. ಆಸ್ಪತ್ರೆಯಲ್ಲಿ ಪ್ಲಾಸ್ಟರ್ ಬಿಚ್ಚಿದಾಗ ಒಳಗಿನಿಂದ ಬಿಳಿಚಿಕೊಂಡ, ಸೊರಗಿದ, ಯಾರದೋ ಎನ್ನಿಸುವಂಥ ಕಾಲು ಹೊರಬಂತು. "ಮನೆಯೊಳಗೆ ಮೆಲ್ಲಗೆ ಓಡಾಡಿ. ಮೆಟ್ಟಿಲು ಮಾತ್ರ ಸದ್ಯಕ್ಕೆ ಬೇಡ," ಎಂದರು ಡಾಕ್ಟರು. ಮೂವರೂ ಅವಳನ್ನು ಮತ್ತೆ ಹೊತ್ತು ತಂದು ಮಂಚದ ಮೇಲೆ ಕೂರಿಸಿದರು. ಸೆಕ್ರೆಟರಿ ಏದುಸಿರು ಬಿಡುತ್ತಲೇ, "ನೀವು ಹಗುರ ಬಿಡಿ," ಎಂದು ಸುಳ್ಳು ಹೇಳಿದರು.

ಅವರು ಹೋದ ಮೇಲೆ ಟೈಲರಕ್ಕನಿಗೆ ತಡೆಯಲಾಗಲಿಲ್ಲ. ಈ ಸಲ ಕಚ್ಚಾ ಇಲ್ಲ, ಬಚ್ಚಿಡುವುದಿಲ್ಲ. ಟ್ಯಾಬಿನಿಂದ ಹೋಗುತ್ತದೆಂದು ಗೊತ್ತಿದ್ದೇ, ಒಬ್ಬೊಬ್ಬರನ್ನೂ ಹೆಸರಿಸಿ ಬರೆದಳು. ಮೊದಲ ದಿನ ಕೈ ಹಿಡಿದು ಕೂತದ್ದಕ್ಕೆ ಟೀಚರಮ್ಮನಿಗೆ. ಅಮ್ಮನ ಹಾಗೆ ತಲೆ ಬಾಚಿದ್ದಕ್ಕೆ ನರ್ಸಿಗೆ. ಬನಿಯನ್ನಿನಲ್ಲಿ ವ್ಯಾನು ನಿಲ್ಲಿಸಿದ್ದಕ್ಕೆ, ಕುರ್ಚಿ ಹೊತ್ತದ್ದಕ್ಕೆ ಸೆಕ್ರೆಟರಿಯವರಿಗೆ. ನೀವು ಮೂವರು ನನ್ನ ತವರು ಎಂದು ಮುಗಿಸಿದಳು. ಸೂಪಿನ ಮಾತು ಮಾತ್ರ ಎತ್ತಲಿಲ್ಲ. ಮನಸ್ಸು ತುಂಬಿ ಬರೆಯುವಾಗ ಸುಳ್ಳು ಬೇಡವೆನ್ನಿಸಿತು. ಅಳುತ್ತಲೇ ಬಾಣ ಒತ್ತಿದಳು.

ನೀಲಿ ಗೆರೆಗಳು ಬಂದವು. ಓದಿದ್ದಾರೆ. ಯಾರೂ ಏನೂ ಬರೆಯಲಿಲ್ಲ. ಬಹಳ ಹೊತ್ತಿನ ಮೇಲೆ ಸೆಕ್ರೆಟರಿ "ಸರಿ" ಎಂದರು. ನರ್ಸ್ ಒಂದು ಹೆಬ್ಬೆರಳು ಹಾಕಿದಳು. ಆಮೇಲೆ ಸಣ್ಣ ಬೂದು ಅಕ್ಷರಗಳಲ್ಲಿ ಟೀಚರಮ್ಮ ಗ್ರೂಪು ಬಿಟ್ಟು ಹೊರಗೆ ಹೋದರೆಂಬ ಸುದ್ದಿ ಬಂತು. ಸಂಜೆಯ ಸೂಪೂ ಬರಲಿಲ್ಲ.

ಮತ್ತೆ ಮಗಳ ಫೋನು.

"ಅಮ್ಮಾ, ಟೀಚರಜ್ಜಿ ನನಗೆ ಫೋನ್ ಮಾಡಿ ಅತ್ತರು. 'ನಿಮ್ಮಮ್ಮ ಅಷ್ಟುದ್ದ ಹೊಗಳಿದಾಳೆ, ಸೂಪಿನ ಸುದ್ದೀನೇ ಇಲ್ಲ. ಹಾಗಾದ್ರೆ ಬೆಳಿಗ್ಗೆ ಬೈದ ಸೂಪು ನಂದೇ ಅಂತ ಆಯ್ತಲ್ಲ,' ಅಂತಾರೆ."

"ಅಯ್ಯೋ! ನಾನು ಯಾರ ಸೂಪಿನ ಸುದ್ದೀನೂ ಎತ್ತಲಿಲ್ಲವಲ್ಲೇ!"

"ಅದಕ್ಕೇ ನೋಡು, ಮೂರೂ ಜನಕ್ಕೂ ಅದು ತಮ್ಮದೇ ಅಂತ ಈಗ ಖಾತ್ರಿಯಾಗಿದೆ."

ಬೈದಾಗ ಹತ್ತಿರ ಬಂದಿದ್ದವರು ಹೊಗಳಿದಾಗ ದೂರ ಹೋಗಿದ್ದರು. ಕಟ್ಟಡದಲ್ಲಿ ಒಂದು ಹೆಜ್ಜೆ ಸದ್ದಿಲ್ಲ. ಆ ನಿಶ್ಶಬ್ದದಲ್ಲಿ ಟೈಲರಕ್ಕ ಎಷ್ಟು ಹೊತ್ತು ಕೂತಾಳು? ಎದ್ದಳು. ಗೋಡೆ ಹಿಡಿದು ಎದುರು ಬಾಗಿಲು ತಟ್ಟಿದಳು.

"ಸಾರ್, ಸೂಪಿದ್ರೆ ಸ್ವಲ್ಪ ಕೊಡಿ. ಅಭ್ಯಾಸ ಆಗ್ಬಿಟ್ಟಿದೆ."

ಸೆಕ್ರೆಟರಿಯ ಬಿಗಿದ ಮುಖ ನೀರಿಗೆ ಬಿದ್ದ ಬಿಸ್ಕತ್ತಿನಂತೆ ಸಡಿಲವಾಯಿತು. ಎರಡು ಲೋಟ ಕುಡಿದಳು. ಕಂಬಿ ಹಿಡಿದು ಕೆಳಗಿಳಿದು ನರ್ಸಿನ ಮನೆಯಲ್ಲಿ ಒಂದು ಬಟ್ಟಲು ಕುಡಿದಳು. "ಅಕ್ಕಾ, ಮೆಟ್ಟಿಲು ಇಳಿದ್ರಾ? ಡಾಕ್ಟರು ಏನಂದ್ರು?" ಎಂದು ಅವಳು ಕೂಗುತ್ತಿದ್ದಂತೆಯೇ ಮತ್ತೆ ಮೆಟ್ಟಿಲು ಹತ್ತಿ, ತನ್ನ ಮನೆ ದಾಟಿ, ಕೊನೆಯ ಮಹಡಿ ಸೇರಿ, ಟೀಚರಮ್ಮನ ಬಾಗಿಲು ತಟ್ಟಿದಳು.

ಟೀಚರಮ್ಮ ಬಾಗಿಲು ತೆರೆದಾಗ ಅವರ ಮೂಗು ಕೆಂಪಗಿತ್ತು. "ಬಂದ್ಯಾ?" ಎಂದರು. ಟೈಲರಕ್ಕ ಏನೋ ಹೇಳಹೊರಟಳು. ಕಾಲು ಅವಳಿಗಿಂತ ಮುಂಚೆ ಹೇಳಿಬಿಟ್ಟಿತು. ಅವಳು ಹೊಸ್ತಿಲ ಮೇಲೇ ಕುಸಿದು ಕೂತಳು.

ಮತ್ತೆ ಬರಿಗಾಲಲ್ಲಿ ಓಡಿಬಂದ ನರ್ಸ್, ಪೂರಿಯ ಹಾಗೆ ಉಬ್ಬಿದ ಕಾಲು ಒತ್ತಿ ನೋಡಿ, "ಸದ್ಯ, ಮುರಿದಿಲ್ಲ. ಆದ್ರೆ ಊತ ಇಳಿಯೋ ತನಕ ಮಂಚ ಬಿಟ್ಟು ಇಳಿದ್ರೆ ನೋಡಿ!" ಎಂದಳು. ಸೆಕ್ರೆಟರಿ ಕುರ್ಚಿ ಹೊತ್ತು ತಂದರು. ಆ ದಿನ ಮೂರನೆಯ ಸಲ ಟೈಲರಕ್ಕನ ಮೆರವಣಿಗೆ ಹೊರಟಿತು.

"ಬೆಳಗಿನ ಪಾಳಿ ನಂದು," ಎಂದರು ಟೀಚರಮ್ಮ.

"ಬೆಳಿಗ್ಗೆ ನಾನು, ಟೀಚರಮ್ಮ. ಆಮೇಲೆ ನನಗೆ ಡ್ಯೂಟಿ."

"ಸಂಘದ ಸೆಕ್ರೆಟರಿ ನಾನು. ಪಾಳಿ ನಾನು ಹಾಕ್ತೀನಿ."

"ನೀವು ಮೊದಲು ಕುರ್ಚಿ ನೆಟ್ಟಗೆ ಹಿಡೀರಿ ಸಾರ್!"

ಮಂಚದ ಮೇಲೆ ಕೂರಿಸಿ, ಕಾಲ ಕೆಳಗೆ ದಿಂಬಿಟ್ಟು, ಟೀಚರಮ್ಮ ತಾವು ತಂದಿದ್ದ ಪಾತ್ರೆಯ ಮುಚ್ಚಳ ತೆಗೆದರು. ಟೈಲರಕ್ಕನ ಗಂಟಲ ತನಕ ಆಗಲೇ ಎರಡು ಮನೆಯ ಸೂಪು ನಿಂತಿತ್ತು. ಕಣ್ಣಿಂದ ಮಾತ್ರ ಬೇರೆ ಏನೋ ಇಳಿಯುತ್ತಿತ್ತು.

"ತುಂಬಾ ನೋಯ್ತಿದೆಯೇನಮ್ಮಾ?" ಎಂದರು ಟೀಚರಮ್ಮ, ಚಮಚ ತುಂಬಿಸಿ ಹಿಡಿದು.

ಟೈಲರಕ್ಕ ಮೂವರ ಮುಖವನ್ನೂ ಒಮ್ಮೆ ನೋಡಿ, ಕಣ್ಣು ಮುಚ್ಚಿ, ಬಾಯಿ ತೆರೆದಳು.