ಮೂಕಿ ಸಿನಿಮಾದ ಸದ್ದು

ಪಾಲಿಕೆ ಕಚೇರಿಯ ಚೂಡಾಮಣಿ ಮೇಡಂ ನನ್ನ ಅರ್ಜಿಯನ್ನು ಹಿಂದಕ್ಕೆ ತಳ್ಳಿದ್ದು ನೆನೆದರೆ ಇವತ್ತಿಗೂ ಮೈ ಉರಿಯುತ್ತದೆ. ನಾನು ಕೇಳಿದ್ದಾದರೂ ಏನು? ಚಿಕ್ಕಲಸಂದ್ರದ ನಮ್ಮ ಪಾರ್ಕಿನಲ್ಲಿ ನೂರು ವರ್ಷದ ಹಳೆಯ ಮೂಕಿ ಹಾಸ್ಯಚಿತ್ರ ತೋರಿಸಲು ಅನುಮತಿ. ಶಾಮಿಯಾನ, ಕುರ್ಚಿ ಎಲ್ಲ ನನ್ನ ಅಂಗಡಿಯದೇ.

ಮೇಡಂ: ಕೆಂಪರಾಜು ಅವರೇ, ಲೌಡ್‌ಸ್ಪೀಕರ್ ಲೈಸೆನ್ಸ್ ಎಲ್ರೀ?

ನಾನು: ಸ್ಪೀಕರೇ ಇಡಲ್ಲ ಮೇಡಂ. ಮೂಕಿ ಸಿನಿಮಾ. ಒಬ್ಬರೂ ಮಾತಾಡಲ್ಲ.

ಮೇಡಂ: ಮಾತಾಡ್ದೆ ಇರೋಕೆ ಕಾರಣ?

ನಾನು: ಆಗಿನ ಕಾಲದ ಸಿನಿಮಾಗೆ ಮಾತೇ ಬರ್ತಿರಲಿಲ್ಲ!

ಮೇಡಂ: ಕೂಗಾಡ್ಬೇಡಿ. ಸೌಂಡ್ ಇಲ್ಲ ಅಂದ್ರೆ, ಇಲ್ಲ ಅಂತ ಇಂಜಿನಿಯರ್ ಚೆಕ್ ಮಾಡಿ ಬರ್ಕೊಡ್ಬೇಕು.

ನಾನು: ಇಲ್ಲದೇ ಇರೋ ಸೌಂಡನ್ನ ಅವರು ಹೆಂಗ್ ಚೆಕ್ ಮಾಡ್ತಾರೆ?

ಮೇಡಂ: ಅದು ಅವರ ಟೇಬಲ್ ವಿಷ್ಯ.

ಮೇಜು ಗುದ್ದಲು ಕೈ ಎತ್ತಿದ್ದೆ. ಅವ್ವ ನೆನಪಾದಳು, ಇಳಿಸಿದೆ.

ನಾನು: ಮೇಡಂ, ನಮ್ಮವ್ವ ಬೈರಮ್ಮಂಗೆ ಕಿವಿ ಕೇಳಲ್ಲ. ಎಲ್ಲಾರೂ ನಕ್ಕು ಮುಗಿಸಿದ್ಮೇಲೆ “ಏನಂತೆ?” ಅಂತಾಳೆ. ಇದೊಂದು ಸಲನಾದ್ರೂ ಬೀದಿಯೋರ ಜೊತೆಗೇ ನಗಲಿ ಅಂತ.

ಮೇಡಂ: (ಕೊಂಚ ಕರಗಿ) ಸರಿ, ನಂಗೇ ತೋರ್ಸಿ. ಸದ್ದು ಬರಲಿಲ್ಲ ಅಂದ್ರೆ ಇಲ್ಲೇ ಸೈನ್ ಹಾಕ್ತೀನಿ.

ಮೊಬೈಲಿನಲ್ಲಿ ಹಾಕಿದೆ. ಕಳೆದುಹೋದ ಟೋಪಿ ಕೇಳಲು ಒಬ್ಬ ಬಡಪಾಯಿ ಕಚೇರಿಗೆ ಬರುತ್ತಾನೆ. ಗುಮಾಸ್ತೆಯೊಬ್ಬಳು ಅವನ ಅರ್ಜಿ ಹಿಂದಕ್ಕೆ ತಳ್ಳಿ ಪಕ್ಕದ ಮೇಜಿಗೆ, ಅಲ್ಲಿ ಆಕಳಿಸುತ್ತಿದ್ದವನು ಮೇಲಿನ ಮಹಡಿಗೆ ಓಡಿಸುತ್ತಾರೆ. ಟೋಪಿ ನೋಡಿದರೆ ಅಲ್ಲಿನ ಸಾಹೇಬನ ತಲೆ ಮೇಲೇ ಇದೆ!

ಮೇಡಂ: ಅಯ್ಯೋ, ಥೇಟ್ ನಮ್ ಸೂಪರಿಂಟೆಂಡೆಂಟು! ಆ ಆಕಳಿಸ್ತಿರೋನು ನೋಡಿ, ಪಕ್ಕದ ರೂಮಿನ ರವಿಕಿರಣ್!

ನಾನು: ಅರ್ಜಿ ಹಿಂದಕ್ಕೆ ತಳ್ತಾರಲ್ಲ ಆಯಮ್ಮ, ಅವರು ಯಾರ ಥರ ಮೇಡಂ?

ಮೇಡಂ: ಅವಳಾ? ಪಾಪ, ಅವಳೊಬ್ಬಳೇ ರೂಲ್ಸ್ ಪ್ರಕಾರ ಮಾಡ್ತಿರೋದು.

ಸೀಲು ಒತ್ತಲು ಬಗ್ಗಿದ ಸಾಹೇಬನ ಟೋಪಿ ಜಾರಿ ಬಡಪಾಯಿಯ ತಲೆಗೇ ಬಿತ್ತು. ಸಾಹೇಬ ಕೂಡಲೇ ಅವನ ಮೇಲೆ ಕಳ್ಳತನದ ಕೇಸು ಬರೆದ. ಮೇಡಂ ಮೇಜು ಬಡಿದು ಬಡಿದು ನಕ್ಕರು. ಕಣ್ಣಲ್ಲಿ ನೀರು.

“ಏನ್ರೀ ಅದು ಗಲಾಟೆ? ಫೋನಲ್ಲಿ ಮಾತಾಡೋಕೇ ಆಗ್ತಿಲ್ಲ!” ಪಕ್ಕದ ರೂಮಿನಿಂದ ರವಿಕಿರಣ್ ಕೂಗಿದರು.

ಮೇಡಂ ಕಣ್ಣೊರೆಸಿಕೊಂಡು, ತೆರೆದಿದ್ದ ಪೆನ್ನಿಗೆ ಮುಚ್ಚಳ ಹಾಕಿದರು.

ಮೇಡಂ: ನೋಡಿದ್ರಾ? ನಾನೊಬ್ಬಳು ನೋಡಿದ್ದಕ್ಕೇ ಕಂಪ್ಲೇಂಟ್ ಬಂತು. ಇಡೀ ಬೀದಿ ನೋಡಿದ್ರೆ? ಲೈಸೆನ್ಸ್ ತಗೊಂಡ್ ಬನ್ನಿ.

ನಾನು: ನಕ್ಕಿದ್ದು ನೀವು ಮೇಡಂ!

ಮೇಡಂ: ಹೂಂ. ಆ ಟೋಪಿ ಬೀಳೋದು ಇನ್ನೊಂದ್ಸಲ ಹಾಕಿ.

ಲೈಸೆನ್ಸ್ ಅರ್ಜಿ ಇನ್ನೂ ಮೇಜಿಂದ ಮೇಜಿಗೆ ತಿರುಗುತ್ತಲೇ ಇದೆ. ನಮ್ಮವ್ವನ ಪಾಲಿನ ನಗುವನ್ನೂ ಸೇರಿಸಿ ಆವತ್ತು ನಕ್ಕುಬಿಟ್ಟರಲ್ಲ ಆ ಮೇಡಂ, ಆ ಬಾಕಿ ಅವರು ಇನ್ನೂ ತೀರಿಸಿಲ್ಲ.