ಮೂರೂರ ಸಭೆಗೆ ಒಂದು ಲೋಟ ನೀರು

ಅಫಿಯಾವಿ: ಒಂಬತ್ತು ಸಭೆ ಮಾಡಿ ಏನಪ್ಪಾ ಕಡಿದು ಗುಡ್ಡೆ ಹಾಕಿದ್ರಿ? ಕಸದ ಗುಡ್ಡೆ ಇರೋದು ನನ್ನ ಅಂಗಡಿ ಮುಂದೆ!

ದೊಸ್ಸು: ಮೆಲ್ಲಗಮ್ಮಾ, ಒಳಗೆ ಮೇಯರ್‌ಗಳು ಕೂತಿದ್ದಾರೆ.

ದಕ್ಷಿಣ ಬೆನಿನ್‌ನ ಅಗ್ಬಾಜಿ, ತೋವೆ, ಲಿಹೋನ್ ಪುರಸಭೆಗಳು ಸೇರಿ ಕಟ್ಟಿಕೊಂಡ ಜಂಟಿ ಮಂಡಳಿಯ ಕಚೇರಿ ಅದು. ದೊಸ್ಸು ಅದರ ಗುಮಾಸ್ತ. ಮೂರೂರಿಗೂ ಒಂದೇ ಕಸದ ಲಾರಿ, ಮೂವರೂ ಒಪ್ಪಿದರಷ್ಟೇ ಅಲುಗುತ್ತದೆ. ಮೂರೂರ ಗಡಿ ಕೂಡುವ ಮೂಲೆಯಲ್ಲಿ ಅಲಸಂದೆ ವಡೆ ಕರಿಯುವ ಅಫಿಯಾವಿಗೆ ತಿಂಗಳಿಂದ ಗಿರಾಕಿಯೇ ಇಲ್ಲ. ಅಲ್ಲಿ ಬಿದ್ದ ಕಸ ತಮ್ಮದಲ್ಲ ಅಂತ ಮೂರೂರಿನವರದ್ದೂ ವಾದ. ಮೂಗು ಮುಚ್ಚಿಕೊಂಡು ವಡೆ ತಿನ್ನುವವರು ಯಾರು?

ಅಫಿಯಾವಿ: ಕೂತು ಏನ್ ಮಾತಾಡ್ತಿದ್ದಾರೆ? ಸದ್ದೇ ಇಲ್ಲ.

ದೊಸ್ಸು: ಮಾತು ಇನ್ನೂ ಶುರುವಾಗಿಲ್ಲ. ನೀರು ಬಂದಿಲ್ವಲ್ಲ.

ಅಫಿಯಾವಿ: ಬಾಗಿಲಲ್ಲೇ ಬಿಂದಿಗೆ ಇದೆಯಲ್ಲೋ!

ದೊಸ್ಸು: ಬಂದೋರಿಗೆ ನೀರು ಕೊಡದೆ ಮಾತೆತ್ತೋ ಹಾಗಿಲ್ಲ, ನಿಮಗೆ ಗೊತ್ತಲ್ಲ. ಕೊಡೋರು ಮನೆಯವರೇ ಆಗ್ಬೇಕು. ಮನೆಯವರು ಅಂತಾದ್ರೆ ಕಸಾನೂ ಅವರದ್ದೇ ಆಗುತ್ತೆ. ಅದಕ್ಕೆ ಮೂವರೂ ನೆಂಟರಾಗೇ ಕೂತಿದ್ದಾರೆ.

ಅಫಿಯಾವಿ: ಒಂಬತ್ತು ಸಲಾನೂ?

ದೊಸ್ಸು: ಒಂಬತ್ತು ಸಲಾನೂ. ‘ಸಭೆ ಶಾಂತವಾಗಿ ನಡೆಯಿತು’ ಅಂತ ಬರೀತಾ ಬಂದಿದ್ದೀನಿ.

ಅಫಿಯಾವಿ: ನೀನಾದ್ರೂ ಕೊಡಬಾರದಾ?

ದೊಸ್ಸು: ನಾನು ಲಿಹೋನ್‌ನವನು. ನಮ್ಮ ಮೇಯರ್ ಚರ್ಮ ಸುಲೀತಾರೆ.

ಅಫಿಯಾವಿಗೆ ಮೈಯೆಲ್ಲ ಉರಿದುಹೋಯಿತು. ಊರು ಆಳುವ ಗಂಡಸರು ಒಂದು ಲೋಟ ನೀರಿಗೆ ಹೆದರುವುದೇ! ಬಿಂದಿಗೆ ಎತ್ತಿಕೊಂಡು ಒಳಗೆ ನುಗ್ಗಿದಳು, ಹಿಂದೆಯೇ ದೊಸ್ಸು. ಬೆಳಗಿನಿಂದ ಗಂಟಲೊಣಗಿಸಿಕೊಂಡಿದ್ದ ಮೂವರೂ ಗಟಗಟ ಕುಡಿದರು. ತೋವೆಯ ಮೇಯರ್ ಬಾಯಿ ಒರೆಸಿಕೊಂಡು ಎದ್ದ.

ಮೇಯರ್: ಬಗೆಹರೀತು! ನೀರು ಕೊಟ್ಟ ಈ ತಾಯಿಯೇ ಮನೆಯವಳು. ಕಸ ಈಕೆದು!

ಉಳಿದಿಬ್ಬರ ಕೈ ಮೇಲೆದ್ದವು. ಅದು ಮಂಡಳಿಯ ಮೊಟ್ಟಮೊದಲ ಒಮ್ಮತದ ನಿರ್ಣಯ.

ಅಫಿಯಾವಿ: ಬರ್ಕೊಂಡ್ಯಾ ತಮ್ಮಾ, ಕಸ ನಂದು ಅಂತ?

ದೊಸ್ಸು: ಮೂವರ ಸಹಿನೂ ಬಿತ್ತಮ್ಮಾ. ಪಾಪ ನೀವು...

ಅಫಿಯಾವಿ: ನನಗ್ಯಾಕೋ ಪಾಪ? ನೆಂಟರನ್ನ ಬರಿಗೈಲಿ ಕಳಿಸೋ ಪದ್ಧತಿ ನಮ್ಮಲ್ಲಿದೆಯಾ?

ದೊಸ್ಸು: ಎಲ್ಲಾದ್ರೂ ಉಂಟೇ! ಕೊಟ್ಟಿದ್ದನ್ನ ನೆಂಟರು ಬೇಡ ಅನ್ನೋ ಹಾಗೂ ಇಲ್ಲ.

ಅಫಿಯಾವಿ: ಸರಿ ಹಾಗಾದ್ರೆ. ಸಂತೆ ಹೆಂಗಸರೆಲ್ಲ ಹೊರಗೆ ಬುಟ್ಟಿ ಹಿಡ್ಕೊಂಡು ನಿಂತಿದ್ದಾರೆ. ನನ್ನ ಕಸಾನ ಮೂರು ಪಾಲು ಮಾಡಿ, ಮೂವರು ಮೇಯರ್‌ಗಳ ಮನೆ ಅಂಗಳಕ್ಕೂ ಈಗಲೇ ಮುಟ್ಟಿಸ್ತೀವಿ.

ಗೋಡೆಯ ಮೊಳೆಯಲ್ಲಿ ತೂಗುತ್ತಿದ್ದ ಲಾರಿಯ ಕೀಲಿಕೈಗೆ ಮೂರು ಕೈಗಳು ಒಟ್ಟಿಗೆ ಹಾರಿದವು.

ಅಫಿಯಾವಿ: ಅವಸರ ಯಾಕ್ರಪ್ಪಾ? ಇನ್ನೊಂದೊಂದು ಲೋಟ ನೀರು ಕುಡ್ಕೊಂಡು ಹೋಗಿ.