ಒಂಟಿ ಕಾಲಿನ ಗೊಂಬೆ

ತೊಳೆಸಲು ಬೊಂಬಾಯಿಗೆ ಕಳಿಸಿದ್ದ ಸಿನಿಮಾ ರೀಲು ಬಂದ ಬೆಳಿಗ್ಗೆ ಕಲ್ಯಾಣಪ್ಪ ಅದರ ತುದಿಯನ್ನು ಬೆಳಕಿಗೆ ಹಿಡಿದು ನೋಡಿದ. ಗೊಂಬೆಯ ಪಕ್ಕದಲ್ಲಿ ಬಳೆ ತೊಟ್ಟ ಕೈಯೊಂದಿತ್ತು.

ಕೈ ಯಾರದೆಂದು ಕೇಳಬೇಕಾಗಿರಲಿಲ್ಲ. ಕೋಟೆಯ ಹಿಂದಿನ ಓಣಿಯಲ್ಲಿ ಅವನು ಮಕ್ಕಳಿಗಾಗಿ ಕಟ್ಟಿಗೆಯ ಗೊಂಬೆಯೊಂದನ್ನು ನಾಲ್ಕು ವರ್ಷದಿಂದ ನಡೆಸುತ್ತಿದ್ದ. ಕಾಲನ್ನು ಎಳ್ಳಷ್ಟು ಸರಿಸುವುದು, ಕ್ಯಾಮೆರಾದ ಹಿಡಿಕೆ ಒಮ್ಮೆ ತಿರುವಿ ಒಂದು ಚಿತ್ರ ತೆಗೆಯುವುದು, ಮತ್ತೆ ಎಳ್ಳಷ್ಟು. ನಿಜಾಮರ ಸೀಮೆಯಲ್ಲೇ ಇಂಥದ್ದು ಇನ್ನೊಂದಿಲ್ಲವೆಂದು ಅವನ ಹೆಮ್ಮೆ. ಅವನು ಊಟಕ್ಕೆ ಎದ್ದರೆ ಗೊಂಬೆ ಕಾಲೆತ್ತಿಕೊಂಡೇ ನಿಂತಿರುತ್ತಿತ್ತು. ಪಕ್ಕದ ಮನೆಯ ಅಂಬಮ್ಮನಿಗೆ ಅದನ್ನು ನೋಡಲಾಗುತ್ತಿರಲಿಲ್ಲ.

“ತಮ್ಮಾ, ಎಷ್ಟೊತ್ತು ಒಂಟಿ ಕಾಲ ಮ್ಯಾಲ ನಿಂದ್ರಸ್ತಿ ಅದಕ್ಕ? ಪಾಪ!” ಎಂದು ಕಾಲು ಇಳಿಸಿಬಿಡುತ್ತಿದ್ದಳು.

ಎದುರು ಮನೆಯ ಮಸ್ತಾನಬಿಗೆ ಬೇರೆ ಚಿಂತೆ. “ಗುಡಿಯಾ ಬರೇ ತಲೀಲೆ ಹೊರಗ ಹೊಂಟಾಳಲ್ರೀ!” ಎಂದು ಗೊಂಬೆಯ ತಲೆಗೆ ತುಂಡು ಬಟ್ಟೆ ಹೊದಿಸುತ್ತಿದ್ದಳು. ಇವನ ಗಮನವೆಲ್ಲ ಹಿಡಿಕೆಯ ಮೇಲಿದ್ದಾಗ ಆ ಕೈಗಳು ಚಿತ್ರದೊಳಗೆ ಎಷ್ಟು ಸಲ ನುಗ್ಗಿದ್ದವೋ!

ಗೊಂಬೆ ಅಂಗಳ ದಾಟಿ ಬಾಗಿಲು ಮುಟ್ಟುವುದು, ಅಷ್ಟೇ ಕತೆ. ಹೆಂಡತಿ ತೀರಿಕೊಂಡಾಗ ಎರಡು ವರ್ಷದ ಮಗಳು ಕಸ್ತೂರಿಯನ್ನು ಕಮಲಾಪುರದಲ್ಲಿ ಅತ್ತೆಯ ಹತ್ತಿರ ಬಿಟ್ಟು, “ಗೊಂಬಿ ಬಾಗಿಲು ಮುಟ್ಟಿದ ದಿನ ಕರಕೊಂಡು ಹೋಗ್ತೇನಿ” ಎಂದು ಬಂದಿದ್ದ. ಬರುವ ತಿಂಗಳು, ಬರುವ ತಿಂಗಳು ಎನ್ನುತ್ತ ಆಮೇಲೆ ಒಮ್ಮೆಯೂ ಹೋಗಲಿಲ್ಲ. ಇವತ್ತು ಬರುತ್ತೇನೆಂದು ಹೇಳಿ ಕಳಿಸಿದ್ದ. ರೀಲನ್ನು ಪೂರ್ತಿ ನೋಡಲೂ ಪುರುಸೊತ್ತಿಲ್ಲ, ಕಮಲಾಪುರದ ಮೋಟಾರು ಹೊರಡುವುದರಲ್ಲಿತ್ತು. ಚಿತ್ರ ತೋರಿಸಲು ಬಾಡಿಗೆಗೆ ತಂದ ಯಂತ್ರ ಹೊತ್ತು ಓಡಿದರೆ, ನೆರೆಯ ಹೆಂಗಸರಿಬ್ಬರೂ ಆಗಲೇ ಹತ್ತಿ ಕುಳಿತಿದ್ದರು.

“ನಮ್ಮ ಕೈ ಅದರಾಗ ಬಂದಾವಲ್ಲ, ನಾವು ನೋಡಬ್ಯಾಡೇನು?” ಎಂದಳು ಅಂಬಮ್ಮ. ಮಸ್ತಾನಬಿ ಪರದೆಗೆಂದು ತನ್ನ ಬಿಳಿ ಚಾದರವನ್ನೇ ತಂದಿದ್ದಳು.

ಕಮಲಾಪುರದಲ್ಲಿ ಅತ್ತೆ ಬಂಡೆಮ್ಮ ಪಡಸಾಲೆಯ ಕಿಟಕಿಗಳಿಗೆ ಗೋಣಿತಟ್ಟು ಕಟ್ಟಿ ಹಗಲನ್ನು ಹೊರಗಿಟ್ಟಳು. ಓಣಿಯ ಮಕ್ಕಳ ನಡುವೆ ಒಬ್ಬ ಹುಡುಗಿ ಕೆಂಬಾಳೆಹಣ್ಣು ತಿನ್ನುತ್ತ ಕೂತಿದ್ದಳು. ಹಣೆ ಥೇಟು ತಾಯಿಯದೇ. ಇಷ್ಟು ದೊಡ್ಡವಳಾಗಿದ್ದಾಳೆಯೇ ಎಂದು ಕಲ್ಯಾಣಪ್ಪನಿಗೆ ಸಂಕಟವಾಯಿತು.

“ನಾ ಯಾರಂತ ಈಗ ಹೇಳಬ್ಯಾಡ್ರಿ, ಅತ್ತಿ. ಮೊದಲು ಗೊಂಬಿ ನಡೀಲಿ” ಎಂದು ಪಿಸುಗುಟ್ಟಿ ಯಂತ್ರ ತಿರುವಿದ.

ಗೊಂಬೆ ನಡೆಯಿತು. ಬಳೆಯ ಕೈ ಬಂದು ಕಾಲು ಇಳಿಸಿತು. ತಲೆಯ ಮೇಲೆ ತುಂಡು ಬಟ್ಟೆ ಬಂತು, ಹೋಯಿತು. ಮಕ್ಕಳು ಬಿದ್ದು ಬಿದ್ದು ನಕ್ಕರು. ಕಲ್ಯಾಣಪ್ಪ ಮಾತ್ರ ನಾಚಿಕೆಯಿಂದ ಹಿಡಿಯಾಗಿ ಹೋದ. ಇರಲಿ, ಬಾಗಿಲೊಂದು ಮುಟ್ಟಲಿ ಎಂದುಕೊಳ್ಳುವಷ್ಟರಲ್ಲಿ ಪರದೆ ಬೆಳ್ಳಗಾಯಿತು. ಕೈಗಳ ಚಿತ್ರಕ್ಕೇ ಅಷ್ಟಿಷ್ಟು ಖರ್ಚಾಗಿ ರೀಲು ಮೊದಲೇ ಮುಗಿದಿತ್ತು. ಬಾಗಿಲಿಗೆ ಉಳಿದಿದ್ದ ಕೊನೆಯ ಎರಡು ಬೆರಳಗಲದ ದಾರಿಗೆ ಅವನು ತಿಳಿಯದೆ ಖಾಲಿ ಕ್ಯಾಮೆರಾ ತಿರುವಿದ್ದ.

“ಗೊಂಬಿ ಕಾಲು ನೋಯ್ತದಂತ ಇಳಿಸಿದಾಕಿ ಯಾರು?” ಎಂದು ಕೇಳಿದ ಕಸ್ತೂರಿ, ಅಂಬಮ್ಮ ಬಳೆ ಆಡಿಸಿದ್ದೇ ತಡ, ಹೋಗಿ ಅವಳ ತೊಡೆ ಏರಿದಳು.

ಕಲ್ಯಾಣಪ್ಪ ಅವಳ ಮುಂದೆ ಕುಕ್ಕರುಗಾಲಿನಲ್ಲಿ ಕೂತ. “ಕಸ್ತೂರಿ, ನಾ ನಿಮ್ಮಪ್ಪ ಅದೀನವ್ವ. ಮನಿಗೆ ಹೋಗೋಣು?”

ಹುಡುಗಿ ಅವನನ್ನೊಮ್ಮೆ, ಬಿಳಿ ಚಾದರವನ್ನೊಮ್ಮೆ ನೋಡಿದಳು.

“ಸುಳ್ಳ! ಗೊಂಬಿ ಬಾಗಿಲು ಮುಟ್ಟಿದ ದಿನಾನೇ ನಮ್ಮಪ್ಪ ಬರ್ತಾನಂತ ಆಯಿ ದಿನಾ ಹೇಳ್ತಾಳ. ಇದೆಲ್ಲಿ ಮುಟ್ಯದ?”

ಅಜ್ಜಿ ಬಂಡೆಮ್ಮ ಕಿಟಕಿಯ ಗೋಣಿತಟ್ಟು ಸರಿಮಾಡಲು ಎದ್ದಳು. ಅವನ ಮುಖ ನೋಡಿ ಪಾಪವೆನಿಸಿತೋ ಏನೋ, ಕಸ್ತೂರಿ ಅರ್ಧ ಉಳಿದಿದ್ದ ಹಣ್ಣನ್ನು ಅವನ ಕೈಗಿಟ್ಟಳು.

“ಕಾಕಾ, ಇದು ತಗೋರಿ. ಇನ್ನೊಮ್ಮೆ ತಿರುವ್ರಿ. ಈ ಸಲ ಮುಟ್ಟತದೇನೋ ನೋಡೋಣು.”

ಮುಟ್ಟುವುದಿಲ್ಲವೆಂದು ಗೊತ್ತಿದ್ದೂ ಕಲ್ಯಾಣಪ್ಪ ರೀಲನ್ನು ಹಿಂದಕ್ಕೆ ಸುತ್ತತೊಡಗಿದ.